ಓದು ಬಾರದ ದ್ವಾರಪಾಲಕ

ನಮ್ಮ ಸಣ್ಣ ಕರುಳಿನ ಒಳಗೋಡೆಯಲ್ಲಿ ಎಸ್‌ಜಿಎಲ್‌ಟಿ1 ಎಂಬ ಪ್ರೋಟೀನ್ ದ್ವಾರಪಾಲಕನೊಬ್ಬನಿದ್ದಾನೆ. ಎಸ್‌ಎಲ್‌ಸಿ5ಎ1 ಎಂಬ ಜೀನು ಬರೆದುಕೊಟ್ಟ ನೇಮಕಾತಿ ಆದೇಶದಂತೆ, ಉಪ್ಪಿನ ಎರಡು ಸೋಡಿಯಂ ಕಣ ಜೊತೆಯಲ್ಲಿದ್ದರೆ ಮಾತ್ರ ಒಂದು ಗ್ಲೂಕೋಸನ್ನು ಜೀವಕೋಶದೊಳಕ್ಕೆ ಬಿಡುವುದು ಅವನ ಕೆಲಸ. ಇವು ಹೋದ ಹಿಂದೆಯೇ ನೀರೂ ಒಳಸೇರುತ್ತದೆ. ಕಾಲರಾ ಬಂದು ಕರುಳೆಲ್ಲ ಸೋರುವಾಗಲೂ ರಜೆ ಹಾಕದವನು ಎಸ್‌ಜಿಎಲ್‌ಟಿ1. ಭೇದಿಯಾದಾಗ ಕುಡಿಸುವ ಸಕ್ಕರೆ-ಉಪ್ಪಿನ ದ್ರಾವಣವಾದ ಓಆರ್‌ಎಸ್ ನಿಂತಿರುವುದು ಅವನ ಈ ನಿಷ್ಠೆಯ ಮೇಲೆ.

ವಿಶ್ವ ಆರೋಗ್ಯ ಸಂಸ್ಥೆಯ 2002ರ ಸೂತ್ರದಲ್ಲಿ ಲೀಟರಿಗೆ 13.5 ಗ್ರಾಂ ಗ್ಲೂಕೋಸ್, 2.6 ಗ್ರಾಂ ಉಪ್ಪು, ಜೊತೆಗೆ ಪೊಟ್ಯಾಸಿಯಂ ಕ್ಲೋರೈಡ್ ಮತ್ತು ಸಿಟ್ರೇಟ್ ಇವೆ. ಸಕ್ಕರೆ ಇದಕ್ಕಿಂತ ಬಹಳ ಹೆಚ್ಚಾದರೆ ಅದು ನೀರನ್ನು ಕರುಳಿಗೇ ಸೆಳೆದು ಭೇದಿಯನ್ನು ಬೆಳೆಸುತ್ತದೆ.

ಪಾಪ, ದ್ವಾರಪಾಲಕನಿಗೆ ಓದು ಬಾರದು. ಔಷಧದಂಗಡಿಯಲ್ಲಿ ಮಾರುತ್ತಿದ್ದ ಸಿಹಿ ಪಾನೀಯದ ಡಬ್ಬಿಯ ಮೇಲೆ ಎಷ್ಟು ದಪ್ಪಕ್ಷರದಲ್ಲಿ 'ಓಆರ್‌ಎಸ್' ಎಂದಿದ್ದರೂ ಅವನು ಮರುಳಾಗಲಿಲ್ಲ. ಓದು ಬಲ್ಲವರ ಕಥೆ ಬೇರೆ. ನಮ್ಮ ಆಹಾರ ಸುರಕ್ಷತಾ ಪ್ರಾಧಿಕಾರವು 2022ರ ಏಪ್ರಿಲ್‌ನಲ್ಲಿ ಆ ಹೆಸರು ಕೂಡದೆಂದಿತು. ಜುಲೈ ಬರುವಷ್ಟರಲ್ಲಿ ಮನಸ್ಸು ಕರಗಿ, ಹೆಸರಿನ ಹಿಂದೋ ಮುಂದೋ ಇನ್ನೊಂದು ಪದ ಸೇರಿಸಿ ವ್ಯಾಪಾರಮುದ್ರೆ ಮಾಡಿಕೊಂಡವರು ಅದನ್ನು ಇಟ್ಟುಕೊಳ್ಳಬಹುದು, ಆದರೆ ವಿಶ್ವ ಆರೋಗ್ಯ ಸಂಸ್ಥೆ ಹೇಳಿದ ಓಆರ್‌ಎಸ್ ಇದಲ್ಲವೆಂದು ಅದೇ ಡಬ್ಬಿಯ ಮೇಲೆ ಅಚ್ಚು ಹಾಕಬೇಕು ಎಂದಿತು. ಹೆಸರು ಕ್ಷೀರಸಾಗರ ಭಟ್ಟ, ಮನೆಯಲ್ಲಿ ಮಜ್ಜಿಗೆಗೂ ಗತಿಯಿಲ್ಲ ಎನ್ನುತ್ತಾರಲ್ಲ. ಇಲ್ಲಿ ಭಟ್ಟರೇ ಬಾಗಿಲಿಗೆ ಫಲಕ ತೂಗುಹಾಕಿ, ಕೆಳಗೆ 'ಮಜ್ಜಿಗೆ ಇಲ್ಲ' ಎಂದು ಕಾನೂನುಬದ್ಧವಾಗಿ ಬರೆಸಿದ್ದರು. ರಾತ್ರಿ ಹತ್ತಕ್ಕೆ, ಭೇದಿಯಿಂದ ಬಳಲಿದ ಕೂಸನ್ನು ಕಂಕುಳಲ್ಲಿಟ್ಟು ಅಂಗಡಿಗೆ ಓಡಿಬಂದ ತಾಯಿ ಆ ಇಂಗ್ಲಿಷ್ ಒಕ್ಕಣೆಯನ್ನು ಕನ್ನಡಕ ಹಾಕಿಕೊಂಡು ಓದುತ್ತಾಳೆಂಬುದು ಪ್ರಾಧಿಕಾರದ ಭರವಸೆಯಾಗಿದ್ದಿರಬೇಕು.

ಹೈದರಾಬಾದಿನ ಮಕ್ಕಳ ವೈದ್ಯೆಯೊಬ್ಬರು ವರ್ಷಗಟ್ಟಲೆ ಬೆನ್ನು ಹತ್ತಿದ ಮೇಲೆ, 2025ರ ಅಕ್ಟೋಬರ್ 14ರಂದು ಆ ಅನುಮತಿ ರದ್ದಾಯಿತು. ಕೂಡಲೇ ತಯಾರಕರು ದೆಹಲಿ ಹೈಕೋರ್ಟಿಗೆ ಓಡಿದರು; ಉಳಿದ ದಾಸ್ತಾನನ್ನಾದರೂ ಮಾರಿ ಮುಗಿಸುತ್ತೇವೆಂಬ ಬೇಡಿಕೆಯೂ ಅಲ್ಲಿತ್ತು. ಆದೇಶ, ಮರು ಆದೇಶ, ರದ್ದತಿ ಆದೇಶ, ಯಾವುದರ ಪ್ರತಿಯೂ ಕರುಳಿಗೆ ತಲುಪಿಲ್ಲ. ದ್ವಾರಪಾಲಕನು ಏಪ್ರಿಲ್‌ನಲ್ಲಿ ಎರಡು ಸೋಡಿಯಂ ಕೇಳಿದ್ದ, ಜುಲೈಯಲ್ಲೂ ಎರಡನ್ನೇ ಕೇಳಿದ.