ಮಾಲ್ಡೀವ್ಸ್ ಪ್ರವಾಸಿಗರನ್ನೇ ನಂಬಿ ಬದುಕುವುದು ಸರಿಯೇ?

2024ರಲ್ಲಿ ಮಾಲ್ಡೀವ್ಸ್‌ಗೆ ಬಂದ ಪ್ರವಾಸಿಗರ ಸಂಖ್ಯೆ ಮೊದಲ ಬಾರಿಗೆ 20 ಲಕ್ಷ ದಾಟಿತು. 2022ರ ಜನಗಣತಿಯ ಪ್ರಕಾರ ಅಲ್ಲಿ ನೆಲೆಸಿರುವವರು ಸುಮಾರು 5.15 ಲಕ್ಷ. ಅವರಲ್ಲೂ 1.3 ಲಕ್ಷ ಮಂದಿ ದುಡಿಯಲು ಬಂದ ಹೊರದೇಶದವರು. ಲೆಕ್ಕ ಹಾಕಿದರೆ ಅಲ್ಲಿನ ಒಬ್ಬೊಬ್ಬ ಪ್ರಜೆಗೂ ವರ್ಷಕ್ಕೆ ಐವರು ಅತಿಥಿಗಳು! ದೇಶದ ಒಟ್ಟು ಉತ್ಪನ್ನದಲ್ಲಿ ಐದನೇ ಒಂದು ಭಾಗಕ್ಕೂ ಹೆಚ್ಚು ನೇರವಾಗಿ ಪ್ರವಾಸೋದ್ಯಮದ್ದೇ. ದೋಣಿ, ಸೀಪ್ಲೇನ್, ಕಟ್ಟಡ ಕೆಲಸ, ಅಂಗಡಿ ವ್ಯಾಪಾರ ಎಲ್ಲವನ್ನೂ ಸೇರಿಸಿದರೆ ಅದರ ನೆರಳು ಬೀಳದ ಮನೆಯೇ ಅಲ್ಲಿಲ್ಲ. ಒಂದು ದೇಶ ಈ ಪ್ರಮಾಣದಲ್ಲಿ ಒಂದೇ ಉದ್ಯಮಕ್ಕೆ ಒರಗಿಕೊಳ್ಳಬಹುದೇ ಎಂಬುದು ಇಲ್ಲಿನ ಪ್ರಶ್ನೆ.

ಪರ: ಸಮುದ್ರ ಕೊಟ್ಟದ್ದನ್ನು ಬಿಟ್ಟು ಇನ್ನೇನು ಮಾರಬೇಕಿತ್ತು?

ಎಪ್ಪತ್ತರ ದಶಕದ ಆರಂಭದಲ್ಲಿ ಮಾಲ್ಡೀವ್ಸ್ ಹೇಗಿತ್ತು ಎಂಬುದನ್ನು ಮರೆತು ಈ ಚರ್ಚೆಗೆ ಇಳಿಯಬಾರದು. 1965ರಲ್ಲಿ ಬ್ರಿಟಿಷರ ಅಧೀನದಿಂದ ಹೊರಬಂದ ದೇಶದ ಸಂಪಾದನೆಯೆಂದರೆ ಬೇಯಿಸಿ, ಹೊಗೆ ಹಾಕಿ, ಬಿಸಿಲಿಗೆ ಕಟ್ಟಿಗೆಯ ತುಂಡಿನ ಹಾಗೆ ಒಣಗಿಸಿದ ಟ್ಯೂನಾ ಮೀನು. ಅದನ್ನು ಕೊಳ್ಳುತ್ತಿದ್ದವರು ಹೆಚ್ಚುಕಮ್ಮಿ ಶ್ರೀಲಂಕಾದವರು ಮಾತ್ರ. ಎಪ್ಪತ್ತರ ದಶಕ ಶುರುವಾಗುತ್ತಲೇ ಆ ಮಾರುಕಟ್ಟೆ ಕುಸಿಯಿತು. ಅಕ್ಕಿಯಿಂದ ಬಟ್ಟೆಯವರೆಗೆ ಎಲ್ಲವನ್ನೂ ಹೊರಗಿನಿಂದ ತರಿಸಿಕೊಳ್ಳುವ ನಾಡಿಗೆ ಅದು ಎಂಥ ಹೊಡೆತವೆಂದು ಬಿಡಿಸಿ ಹೇಳಬೇಕಿಲ್ಲ. ಆಗ ಅಲ್ಲಿನ ಜನರ ಸರಾಸರಿ ಆಯಸ್ಸು 50 ವರ್ಷಕ್ಕೂ ಕಡಿಮೆ. ಇಂದು ಅದು 80ರ ಆಸುಪಾಸಿನಲ್ಲಿದೆ. ಒಂದೇ ಉದ್ಯಮವನ್ನು ನಂಬಿದ್ದಾರೆ ಎಂದು ಆಕ್ಷೇಪಿಸುವವರು, ಅದಕ್ಕೂ ಮೊದಲು ಅವರು ಒಂದೇ ಸರಕನ್ನು ಒಂದೇ ಗಿರಾಕಿಗೆ ಮಾರಿ ಬದುಕುತ್ತಿದ್ದರು ಎಂಬುದನ್ನೂ ನೋಡಬೇಕು.

ಅರವತ್ತರ ದಶಕದಲ್ಲಿ ಬಂದಿದ್ದ ವಿಶ್ವಸಂಸ್ಥೆಯ ತಂಡವೊಂದು, ಇಲ್ಲಿ ಪ್ರವಾಸೋದ್ಯಮ ಬೆಳೆಯುವ ಸಾಧ್ಯತೆ ಇಲ್ಲ ಎಂದು ಹೇಳಿ ಹೋಗಿತ್ತು. ವಿದ್ಯುತ್ ಇಲ್ಲ, ಬ್ಯಾಂಕ್ ಇಲ್ಲ, ಹೊರಜಗತ್ತಿಗೆ ಸರಿಯಾದ ಸಂಪರ್ಕ ಇಲ್ಲ ಎಂಬ ಅದರ ಮಾತು ಸುಳ್ಳೇನಲ್ಲ. ಆದರೂ 1972ರ ಫೆಬ್ರುವರಿಯಲ್ಲಿ ಇಟಲಿಯ ಜಾರ್ಜ್ ಕಾರ್ಬಿನ್ ಒಂದು ಸಣ್ಣ ತಂಡ ಕಟ್ಟಿಕೊಂಡು ಬಂದರು. ಅದೇ ವರ್ಷ ಅಕ್ಟೋಬರ್‌ನಲ್ಲಿ ರಾಜಧಾನಿ ಮಾಲೆಯ ಪಕ್ಕದ ಪುಟ್ಟ ದ್ವೀಪದಲ್ಲಿ ಕುರುಂಬಾ ಎಂಬ ರೆಸಾರ್ಟ್ ತೆರೆಯಿತು. ಹವಳದ ಕಲ್ಲಿನ ಗೋಡೆ, ತೆಂಗಿನ ಗರಿಯ ಚಾವಣಿಯ ಮೂವತ್ತು ಕೋಣೆಗಳು. ಅದನ್ನು ಕಟ್ಟಿ ನಿಲ್ಲಿಸಿದವರಲ್ಲಿ ಅಲ್ಲಿನ ಯುವಕರೇ ಮುಂದಿದ್ದರು. ಯಾವ ವಿದೇಶಿ ತಜ್ಞರ ವರದಿಯೂ ಕಾಣದಿದ್ದನ್ನು ಕಂಡವರು ಅವರು. ಈಗ ಆ ದೇಶದಲ್ಲಿ 170ಕ್ಕೂ ಹೆಚ್ಚು ರೆಸಾರ್ಟ್‌ಗಳಿವೆ.

ದುಡ್ಡೆಲ್ಲ ವಿದೇಶಿ ಕಂಪನಿಗಳಿಗೇ ಹೋಗುತ್ತದೆ ಎಂಬ ಮಾತು ಪದೇ ಪದೇ ಕೇಳಿಬರುತ್ತದೆ. ಒಂದು ಬಿಲ್ ಬಿಡಿಸಿ ನೋಡೋಣ. ಗಂಡ ಹೆಂಡತಿ ಇಬ್ಬರು ರಾತ್ರಿಗೆ 600 ಡಾಲರ್‌ನ ಕೋಣೆಯಲ್ಲಿ ಐದು ರಾತ್ರಿ ತಂಗಿದರು ಎಂದಿಟ್ಟುಕೊಳ್ಳಿ. ಬಾಡಿಗೆ 3,000 ಡಾಲರ್. ಅದರ ಮೇಲೆ ಶೇ 10ರಷ್ಟು ಸೇವಾ ಶುಲ್ಕ, ಅಂದರೆ 300 ಡಾಲರ್. ಇದನ್ನು ನೌಕರರಿಗೆ ಹಂಚಬೇಕೆಂದು ಕಾನೂನೇ ಹೇಳುತ್ತದೆ. ಈ ಎರಡರ ಮೇಲೆ, 2025ರ ಜುಲೈನಿಂದ ಶೇ 17ಕ್ಕೆ ಏರಿರುವ ಪ್ರವಾಸೋದ್ಯಮ ಜಿಎಸ್‌ಟಿ 561 ಡಾಲರ್. ಹಸಿರು ತೆರಿಗೆ ತಲೆಗೆ ರಾತ್ರಿಯೊಂದಕ್ಕೆ 12 ಡಾಲರ್‌ನಂತೆ 120. ಮರಳುವಾಗ ವಿಮಾನದ ಎಕಾನಮಿ ದರ್ಜೆಯಲ್ಲಿ ನಿರ್ಗಮನ ತೆರಿಗೆ ಇಬ್ಬರಿಗೆ 100. ಐದು ರಾತ್ರಿಗೆ, ಒಂದು ಜೋಡಿಯಿಂದ, ಸರ್ಕಾರದ ಬೊಕ್ಕಸಕ್ಕೆ 781 ಡಾಲರ್. ವಿಮಾನ ನಿಲ್ದಾಣ ಅಭಿವೃದ್ಧಿ ಶುಲ್ಕ, ದ್ವೀಪದ ಗುತ್ತಿಗೆ ಬಾಡಿಗೆ, ಕಂಪನಿಯ ಲಾಭದ ಮೇಲಿನ ತೆರಿಗೆ ಇದಕ್ಕೆ ಹೊರತು. ದ್ವೀಪ ಎಂದಿಗೂ ಸರ್ಕಾರದ್ದೇ. ಅದನ್ನು ಕೊಡುವುದು ಗುತ್ತಿಗೆಗೆ ಮಾತ್ರ. ಜನರಿಗೆ ಆಸಂಧಾ ಎಂಬ ಆರೋಗ್ಯ ವಿಮೆ, ಉಚಿತ ಶಾಲೆ, ಪದವಿ ಓದಲು ನೆರವು ಇವೆಲ್ಲ ನಡೆಯುತ್ತಿರುವುದು ಈ ಹಣದಿಂದ. ತೆರಿಗೆ ವಸೂಲಿಯಲ್ಲಿ ಇಷ್ಟು ಚೊಕ್ಕವಾಗಿರುವ ಪ್ರವಾಸಿ ದೇಶಗಳು ಕಡಿಮೆ ಎಂದೇ ನಾನು ಹೇಳುತ್ತೇನೆ.

2009ರ ಬದಲಾವಣೆಯನ್ನೂ ಮರೆಯಬಾರದು. ಅಲ್ಲಿಯವರೆಗೆ ಜನವಸತಿಯ ದ್ವೀಪಗಳಲ್ಲಿ ಪ್ರವಾಸಿಗರು ತಂಗುವಂತಿರಲಿಲ್ಲ. ಮೊಹಮ್ಮದ್ ನಶೀದ್ ಅಧ್ಯಕ್ಷರಾಗಿದ್ದಾಗ ಆ ಕಟ್ಟು ಸಡಿಲಿಸಿ ಗೆಸ್ಟ್‌ಹೌಸ್‌ಗಳಿಗೆ ಅನುಮತಿ ಕೊಟ್ಟರು. ಮಾಫುಶಿಯಂಥ ದ್ವೀಪದಲ್ಲಿ ಮೀನುಗಾರರ ಮನೆಗಳು ಆರು ಕೋಣೆಯ, ಹತ್ತು ಕೋಣೆಯ ಹೋಟೆಲ್‌ಗಳಾದವು. ಅಣ್ಣ ದೋಣಿ ಓಡಿಸುತ್ತಾನೆ, ತಮ್ಮ ಡೈವಿಂಗ್ ಕಲಿಸುತ್ತಾನೆ, ತಾಯಿ ಅಡುಗೆ ಉಸ್ತುವಾರಿ. ಇಂಥ ಮನೆಗೆ ಬಂದ ಡಾಲರ್ ಎಲ್ಲಿಗೂ ಸೋರಿಹೋಗುವುದಿಲ್ಲ.

ಆಪತ್ತು ಬಂದಾಗ ಏನು ಗತಿ ಎನ್ನುತ್ತಾರೆ. 2020ರ ಮಾರ್ಚ್‌ನಲ್ಲಿ ಕೋವಿಡ್‌ನಿಂದಾಗಿ ಗಡಿ ಮುಚ್ಚಿದ ದೇಶ ಜುಲೈ 15ಕ್ಕೇ ಮತ್ತೆ ಬಾಗಿಲು ತೆರೆಯಿತು. ಒಂದು ದ್ವೀಪಕ್ಕೆ ಒಂದೇ ರೆಸಾರ್ಟ್ ಎಂಬ ಹಳೆಯ ನಿಯಮ ಆಗ ಕೈಹಿಡಿಯಿತು. ಪ್ರತಿ ರೆಸಾರ್ಟೂ ತಾನೇ ತಾನಾಗಿ ಪ್ರತ್ಯೇಕವಾಗಿತ್ತು. ಜಗತ್ತಿನ ಅರ್ಧ ಭಾಗ ಇನ್ನೂ ಮನೆಯೊಳಗಿದ್ದ 2021ರಲ್ಲೇ 13 ಲಕ್ಷ ಮಂದಿ ಬಂದರು. ಬಿದ್ದ ಆರ್ಥಿಕತೆ ಇಷ್ಟು ಬೇಗ ಎದ್ದ ಉದಾಹರಣೆಗಳು ಅಪರೂಪ.

ಸಾಲದ ಹೊರೆಯನ್ನು ಪ್ರವಾಸೋದ್ಯಮದ ತಲೆಗೆ ಕಟ್ಟುವುದಂತೂ ಅನ್ಯಾಯ. ಸೇತುವೆ, ವಿಮಾನ ನಿಲ್ದಾಣ, ವಸತಿ ಗೋಪುರಗಳಿಗೆ ಸಾಲ ತಂದದ್ದು ಸರ್ಕಾರಗಳು. ತೀರಿಸುವ ಶಕ್ತಿ ಇರುವುದು ಈ ಉದ್ಯಮಕ್ಕೆ ಮಾತ್ರ. 2011ರ ಜನವರಿಯಲ್ಲಿ ವಿಶ್ವಸಂಸ್ಥೆಯ ಅತ್ಯಂತ ಹಿಂದುಳಿದ ದೇಶಗಳ ಪಟ್ಟಿಯಿಂದ ಮಾಲ್ಡೀವ್ಸ್ ಹೊರಬಂತು. ಅದಕ್ಕೂ ಮೊದಲು ಆ ಪಟ್ಟಿ ದಾಟಿದ್ದವು ಬೋಟ್ಸ್‌ವಾನಾ ಮತ್ತು ಕೇಪ್ ವರ್ಡೆ ಎರಡೇ. ಬೋಟ್ಸ್‌ವಾನಾಕ್ಕೆ ವಜ್ರದ ಗಣಿಗಳಿದ್ದವು. ಮಾಲ್ಡೀವ್ಸ್‌ಗೆ ಇದ್ದದ್ದು ಮರಳು ಮತ್ತು ನೀರು.

ವಿರೋಧ: ಕೈಗೆ ಬಂದ ತುತ್ತು ಬಾಯಿಗೆ ಬಾರದ ಲೆಕ್ಕ

20 ಲಕ್ಷ ಪ್ರವಾಸಿಗರು ಬಂದ ಅದೇ 2024ರಲ್ಲಿ ಮಾಲ್ಡೀವ್ಸ್ ಸರ್ಕಾರದ ಬಳಿ ಸಾಲದ ಕಂತು ಕಟ್ಟಲು, ಆಮದಿನ ಬಿಲ್ ತೀರಿಸಲು ಸಾಕಷ್ಟು ಡಾಲರ್ ಇರಲಿಲ್ಲ. ರೇಟಿಂಗ್ ಸಂಸ್ಥೆಗಳು ಸಾಲ ತೀರಿಸುವ ಅದರ ಸಾಮರ್ಥ್ಯಕ್ಕೆ ಕೊಡುವ ಶ್ರೇಣಿಯನ್ನು ಕೆಳಗಿಳಿಸಿದವು. ಅಕ್ಟೋಬರ್‌ನಲ್ಲಿ ಅಧ್ಯಕ್ಷ ಮುಯಿಝು ದೆಹಲಿಗೆ ಬಂದಾಗ ಭಾರತ 40 ಕೋಟಿ ಡಾಲರ್ ಮತ್ತು 3,000 ಕೋಟಿ ರೂಪಾಯಿಯ ಕರೆನ್ಸಿ ವಿನಿಮಯಕ್ಕೆ ಒಪ್ಪಿಕೊಂಡಿತು. ಬರಗಾಲದಲ್ಲಿ ಹೀಗಾಗಿದ್ದರೆ ಅರ್ಥ ಮಾಡಿಕೊಳ್ಳಬಹುದಿತ್ತು. ಇದು ಇತಿಹಾಸದಲ್ಲೇ ಅತಿ ಹೆಚ್ಚು ಅತಿಥಿಗಳು ಬಂದ ವರ್ಷ. ಪ್ರವಾಸೋದ್ಯಮದ ಗಾತ್ರವನ್ನು ಹೊಗಳುವ ಯಾವ ವಾದವೂ ಈ ಒಂದು ಸಂಗತಿಗೆ ಉತ್ತರ ಕೊಡಲೇಬೇಕು.

ಮೇಲೆ ಬಿಡಿಸಿಟ್ಟ ಬಿಲ್ಲನ್ನೇ ಮತ್ತೆ ನೋಡಿ. 781 ಡಾಲರ್ ಸರ್ಕಾರಕ್ಕೆ, 300 ನೌಕರರಿಗೆ ಎಂಬುದು ಸರಿ. ಉಳಿದ 3,000 ಎಲ್ಲಿ? ಬಹುಪಾಲು ಬುಕಿಂಗ್ ನಡೆಯುವುದು ವಿದೇಶಿ ಟ್ರಾವೆಲ್ ಕಂಪನಿಗಳ ಮೂಲಕ, ಆನ್‌ಲೈನ್ ತಾಣಗಳ ಮೂಲಕ. ಹಣ ಹಲವು ಸಲ ಹೊರದೇಶದ ಖಾತೆಗೇ ಬೀಳುತ್ತದೆ. ಅಲ್ಲಿಂದ ಕಮಿಷನ್, ಬ್ರ್ಯಾಂಡ್ ಹೆಸರಿನ ಶುಲ್ಕ, ಹೂಡಿಕೆದಾರರ ಲಾಭ ಕಳೆದು ಖರ್ಚಿಗೆ ಬೇಕಾದಷ್ಟು ಮಾತ್ರ ದ್ವೀಪಕ್ಕೆ ಬರುತ್ತದೆ. ಆ ಖರ್ಚಾದರೂ ಅಲ್ಲೇ ಉಳಿಯುತ್ತದೆಯೇ? ಬೆಳಗಿನ ತಿಂಡಿಯ ಮೇಜಿನ ಮೇಲಿರುವ ಮೊಟ್ಟೆ, ಬೆಣ್ಣೆ, ಸೇಬು, ಕಾಫಿ ಎಲ್ಲವೂ ಹಡಗಿನಲ್ಲೋ ವಿಮಾನದಲ್ಲೋ ಬಂದವು. ಹಾಸಿಗೆಯ ಹೊದಿಕೆ ಬಂದದ್ದು ಹೊರಗಿನಿಂದ. ಪ್ರತಿ ರೆಸಾರ್ಟ್ ದ್ವೀಪಕ್ಕೂ ತನ್ನದೇ ಜನರೇಟರ್, ಸಮುದ್ರದ ಉಪ್ಪುನೀರನ್ನು ಸಿಹಿನೀರು ಮಾಡುವ ತನ್ನದೇ ಘಟಕ. ಎರಡೂ ಮುಖ್ಯವಾಗಿ ಓಡುವುದು ಡೀಸೆಲ್‌ನಿಂದ, ಆ ಡೀಸೆಲ್ ಕೂಡ ಆಮದು. ಅತಿಥಿ ಸ್ನಾನಕ್ಕೆ ನಲ್ಲಿ ತಿರುಗಿಸಿದರೂ ಡಾಲರ್ ಹೊರಗೆ ಹರಿಯುತ್ತದೆ.

ಇದು ಸರ್ಕಾರಕ್ಕೆ ಗೊತ್ತಿರಲಿಲ್ಲ ಎಂದಲ್ಲ. ದೊಡ್ಡ ರೆಸಾರ್ಟ್‌ಗಳು ಒಬ್ಬ ಪ್ರವಾಸಿಗೆ 500 ಡಾಲರ್‌ನಂತೆ ಸ್ಥಳೀಯ ಬ್ಯಾಂಕ್‌ನಲ್ಲಿ ಕೊಟ್ಟು ಅಲ್ಲಿನ ಹಣವಾದ ರುಫಿಯಾಗೆ ಬದಲಿಸಿಕೊಳ್ಳಬೇಕು ಎಂಬ ನಿಯಮ ಬಂದದ್ದು 2024ರ ಅಕ್ಟೋಬರ್‌ನಲ್ಲಿ. ಮೊದಲ ರೆಸಾರ್ಟ್ ತೆರೆದು 52 ವರ್ಷಗಳಾದ ಮೇಲೆ! ನಿಯಮ ಬಂದ ಕೂಡಲೇ ಉದ್ಯಮದಿಂದ ವಿರೋಧ ಎದ್ದಿತು. ಇತ್ತ ಮಾಲೆಯ ಸಾಮಾನ್ಯ ಮನುಷ್ಯ ಮಗನನ್ನು ಹೊರದೇಶಕ್ಕೆ ಓದಿಗೋ ಅಮ್ಮನನ್ನು ಚಿಕಿತ್ಸೆಗೋ ಕಳಿಸಬೇಕಾದಾಗ ಡಾಲರಿಗೆ 15.42 ರುಫಿಯಾದ ಅಧಿಕೃತ ದರದಲ್ಲಿ ಬೇಕಾದಷ್ಟು ಡಾಲರ್ ಸಿಗದೆ ಕಾಳಸಂತೆಯಲ್ಲಿ ಹೆಚ್ಚು ಕೊಟ್ಟು ಕೊಳ್ಳುತ್ತಾನೆ. ಡಾಲರ್ ದುಡಿಯುವ ದೇಶದ ಪ್ರಜೆಗೇ ಡಾಲರ್ ದುಬಾರಿ. ನನಗೆ ಇದು ಅತ್ಯಂತ ನೋವಿನ ಸಂಗತಿಯಾಗಿ ಕಾಣುತ್ತದೆ.

ಸಾಲ ಮಾಡಿದ್ದು ಸರ್ಕಾರ, ಉದ್ಯಮವಲ್ಲ ಎಂಬ ವಾದವನ್ನೂ ಒಪ್ಪುವುದು ಕಷ್ಟ. ವರ್ಷದಿಂದ ವರ್ಷಕ್ಕೆ ಏರುವ ಪ್ರವಾಸಿಗರ ಸಂಖ್ಯೆಯನ್ನು ಮುಂದಿಟ್ಟೇ ಆ ಸಾಲಗಳನ್ನು ಕೇಳಿದ್ದು, ಅದನ್ನು ನೋಡಿಯೇ ಕೊಟ್ಟದ್ದು. ಈಗ ಸಾರ್ವಜನಿಕ ಸಾಲ ದೇಶದ ವಾರ್ಷಿಕ ಉತ್ಪನ್ನವನ್ನೂ ಮೀರಿದೆ.

2004ರ ಡಿಸೆಂಬರ್ 26ರ ಸುನಾಮಿ ಒಂದು ಬೆಳಗಿನಲ್ಲಿ ಮಾಡಿದ ಹಾನಿ ಆ ದೇಶದ ವರ್ಷದ ಉತ್ಪನ್ನದ ಶೇ 62ರಷ್ಟು ಎಂದು ಅಂದಾಜಾಗಿತ್ತು. 2020ರಲ್ಲಿ ಆರ್ಥಿಕತೆ ಒಂದೇ ವರ್ಷದಲ್ಲಿ ಮೂರನೇ ಒಂದು ಭಾಗ ಕುಗ್ಗಿತು. ಬೇಗ ಎದ್ದರು ಎನ್ನುವುದು ನಿಜ, ಎದ್ದದ್ದಕ್ಕೆ ಸಂತೋಷವೂ ಇದೆ. ಆದರೆ ಅಷ್ಟು ಎತ್ತರದಿಂದ ಬೀಳಬೇಕಾಗಿ ಬಂದದ್ದೇಕೆ? 2024ರ ಜನವರಿಯಲ್ಲಿ ಮೂವರು ಉಪಮಂತ್ರಿಗಳು ಭಾರತದ ಪ್ರಧಾನಿಯ ಬಗ್ಗೆ ಸಾಮಾಜಿಕ ಜಾಲತಾಣದಲ್ಲಿ ಹಾಕಿದ ಕೀಳು ಮಾತುಗಳು ಸಾಕಾದವು. ಹಿಂದಿನ ವರ್ಷ 2 ಲಕ್ಷ ದಾಟಿ ಮೊದಲ ಸ್ಥಾನದಲ್ಲಿದ್ದ ಭಾರತೀಯ ಪ್ರವಾಸಿಗರ ಸಂಖ್ಯೆ ಸುಮಾರು 1.3 ಲಕ್ಷಕ್ಕೆ ಇಳಿಯಿತು. ಮೇ ತಿಂಗಳಲ್ಲಿ ಪ್ರವಾಸೋದ್ಯಮ ಸಚಿವರೇ ದಯವಿಟ್ಟು ಬನ್ನಿ ಎಂದು ಭಾರತೀಯರನ್ನು ಕೇಳಿಕೊಳ್ಳಬೇಕಾಯಿತು. ಆ ಜಾಗವನ್ನು ಚೀನಾದವರು ತುಂಬಿದರು ಎನ್ನಬಹುದು. ನಾಳೆ ಅವರಿಗೆ ಮುನಿಸು ಬಂದರೆ?

ಸಮುದ್ರದ ವಿಷಯದಲ್ಲೂ ಲೆಕ್ಕ ತಪ್ಪಿದೆ. 1998ರಲ್ಲಿ ನೀರು ಬಿಸಿಯಾಗಿ ಆಳವಿಲ್ಲದ ಕಡೆಯ ಹವಳಗಳಲ್ಲಿ ಬಹುಪಾಲು ಬಿಳಿಚಿ ಸತ್ತವು. ಚೇತರಿಸಿಕೊಳ್ಳುತ್ತಿರುವಾಗಲೇ 2016ರಲ್ಲಿ ಮತ್ತೆ ಅದೇ ಆಯಿತು. 2009ರಲ್ಲಿ ಸಚಿವ ಸಂಪುಟ ನೀರಿನಡಿ ಕುಳಿತು, ಇಂಗಾಲ ಉಗುಳುವುದನ್ನು ನಿಲ್ಲಿಸಿ ಎಂದು ಜಗತ್ತನ್ನು ಬೇಡಿಕೊಂಡಿತ್ತು. ಆ ಬೇಡಿಕೆ ನ್ಯಾಯವಾದದ್ದೇ. ಆದರೆ ದೇಶದ ಬದುಕು ನಿಂತಿರುವುದು ಯುರೋಪಿನಿಂದ, ಚೀನಾದಿಂದ ಗಂಟೆಗಟ್ಟಲೆ ಹಾರಿ ಬರುವ ವಿಮಾನಗಳ ಮೇಲೆ. ಜತೆಗೆ ಹೊಸ ರೆಸಾರ್ಟ್, ಹೊಸ ವಿಮಾನ ನಿಲ್ದಾಣಗಳಿಗಾಗಿ ಹವಳದ ದಿಬ್ಬದೊಳಗಿನ ಆಳವಿಲ್ಲದ ಲಗೂನ್‌ಗಳ ಮರಳು ಬಗೆದು ನೆಲ ಮಾಡುವ ಕೆಲಸ ನಿಂತೇ ಇಲ್ಲ. ಹಾಗೆ ಬಗೆದಾಗ ಏಳುವ ಕೆಸರು ಸುತ್ತಲಿನ ಹವಳದ ಮೇಲೆಯೇ ಕೂರುತ್ತದೆ.

ಬೇರೆ ದಾರಿಯೇ ಇಲ್ಲ ಎನ್ನುವವರು ಮೀನನ್ನು ಬಹಳ ಬೇಗ ಮರೆತರು. ಬಲೆ ಬೀಸದೆ, ಗಾಳದ ಕೋಲಿನಿಂದ ಒಂದೊಂದೇ ಟ್ಯೂನಾ ಎತ್ತುವ ಅಲ್ಲಿನ ಪದ್ಧತಿಗೆ ಜಗತ್ತಿನಲ್ಲಿ ಗೌರವವಿದೆ. ಪರಿಸರಸ್ನೇಹಿ ಮೀನುಗಾರಿಕೆಯ ಪ್ರಮಾಣಪತ್ರವೂ ಸಿಕ್ಕಿದೆ. ಹಾಗಿದ್ದೂ ಹಿಡಿದ ಮೀನಿನಲ್ಲಿ ದೊಡ್ಡ ಪಾಲು ಹಿಮಗಟ್ಟಿಸಿದ ಸ್ಥಿತಿಯಲ್ಲೇ ಥಾಯ್ಲೆಂಡ್‌ಗೆ ಹೋಗಿ ಅಲ್ಲಿ ಡಬ್ಬಿ ಸೇರುತ್ತದೆ. ಹೆಚ್ಚಿನ ಲಾಭ ಡಬ್ಬಿಗೆ ತುಂಬಿದವರದು.

ಎಲ್ಲಕ್ಕಿಂತ ನನ್ನನ್ನು ಕಾಡುವುದು ಕೆಲಸದ ಪ್ರಶ್ನೆ. ರೆಸಾರ್ಟ್‌ಗಳ ಉದ್ಯೋಗದಲ್ಲಿ ದೊಡ್ಡ ಪಾಲು ಬಾಂಗ್ಲಾದೇಶ, ಭಾರತ, ಶ್ರೀಲಂಕಾದಿಂದ ಬಂದವರದು. ಅವರ ದುಡಿಮೆಗೆ ಗೌರವ ಸಲ್ಲಬೇಕು. ಸಂಬಳದ ಬಹುಭಾಗವನ್ನು ಊರಿಗೆ ಕಳಿಸುವುದು ಅವರ ಹಕ್ಕು. ಆದರೆ ಸ್ಥಳೀಯ ಹೆಣ್ಣುಮಕ್ಕಳು ಅಲ್ಲಿ ಕಾಣಸಿಗುವುದು ಬಹಳ ಕಡಿಮೆ. ಕಾರಣ ಹುಡುಕಲು ಹೆಚ್ಚು ದೂರ ಹೋಗಬೇಕಿಲ್ಲ. ರೆಸಾರ್ಟ್ ಇರುವುದು ಪ್ರತ್ಯೇಕ ದ್ವೀಪದಲ್ಲಿ. ಕೆಲಸಕ್ಕೆ ಸೇರಿದರೆ ಅಲ್ಲಿನ ಸಿಬ್ಬಂದಿ ವಸತಿಯಲ್ಲೇ ಇರಬೇಕು, ರಜೆ ಸಿಕ್ಕಾಗ ಮನೆಗೆ ಬರಬೇಕು. ಎಳೆಯ ಮಗುವಿರುವ ತಾಯಿ ಹೇಗೆ ಹೋಗುತ್ತಾಳೆ? ಮದ್ಯ ಮಾರುವ ಜಾಗಕ್ಕೆ ಮಗಳನ್ನು ಕಳಿಸಲು ಮನೆಯವರು ಹಿಂಜರಿಯುವುದೂ ಇದೆ. ಅತಿಥಿಗಳನ್ನು ಊರಿನಿಂದ ದೂರ ಇಟ್ಟ ಆ ವ್ಯವಸ್ಥೆ ಉದ್ಯೋಗವನ್ನೂ ದೂರ ಇಟ್ಟಿತು. ಗೆಸ್ಟ್‌ಹೌಸ್‌ಗಳು ಇದನ್ನು ಸ್ವಲ್ಪ ಸರಿಪಡಿಸಿವೆ, ಅದನ್ನು ಒಪ್ಪುತ್ತೇನೆ. ಆದರೆ ದೊಡ್ಡ ಹಣ ಇರುವುದು ಇನ್ನೂ ರೆಸಾರ್ಟ್‌ಗಳಲ್ಲೇ. ಈಚಿನ ವರ್ಷಗಳಲ್ಲಿ ಸರ್ಕಾರ ದ್ವೀಪಗಳ ನಡುವೆ ವೇಗದ ಫೆರಿ ಓಡಿಸತೊಡಗಿದೆ. ಹೊಸ ಲಗೂನ್‌ಗಳನ್ನು ಗುತ್ತಿಗೆಗೆ ಕೊಡುವುದನ್ನು ಕೆಲವು ವರ್ಷ ನಿಲ್ಲಿಸಿ, ಈಗಿರುವ ರೆಸಾರ್ಟ್‌ಗಳ ಪಾಳಿಗೆ ಹೊಂದುವಂತೆ ಆ ಫೆರಿಗಳನ್ನು ಬಿಡಲಿ. ಅಕ್ಕಪಕ್ಕದ ದ್ವೀಪಗಳ ಹೆಂಗಸರು ಬೆಳಿಗ್ಗೆ ಹೋಗಿ ಸಂಜೆ ಮನೆಗೆ ಬರುವಂತೆ ಮಾಡುವುದನ್ನು ಗುತ್ತಿಗೆಯ ಷರತ್ತಾಗಿಸಲಿ. ಪ್ರವಾಸಿಗರ ಸಂಖ್ಯೆಯನ್ನು 20 ಲಕ್ಷದಿಂದ 25 ಲಕ್ಷಕ್ಕೆ ಏರಿಸುವ ಮಾತು ಅದಾದ ಮೇಲೆ ಆಡಬಹುದು.