ಫ್ಲೆಕ್ಸಿನ ಮ್ಯಾಲಿನ ಆ ಒಂದು ಶಬ್ದ

ಇವತ್ತ ವಿದ್ಯಾನಗರದಾಗ ಒಂದು ಕಲ್ಯಾಣ ಮಂಟಪದ ಮುಂದ ಆಳೆತ್ತರದ ಫ್ಲೆಕ್ಸ್ ಕಟ್ಟಿದ್ರು. ಎಂಟು ವರ್ಷದ ಹುಡುಗನ ಫೋಟೋ, ಕೈಯಾಗ ಗೆದ್ದ ಕಪ್ಪು, ಕೆಳಗ ದಪ್ಪ ಅಕ್ಷರದಾಗ ‘ಹುಬ್ಬಳ್ಳಿಯ ಭಾವಿ ಗ್ರಾಂಡ್‌ಮಾಸ್ಟರ್’. ಒಳಗ ಚೆಸ್ಸಿನ ಒಂದು ದಿನದ ರ‍್ಯಾಪಿಡ್ ಟೂರ್ನಮೆಂಟ್ ನಡದಿತ್ತು. ಹುಡುಗ ಛಲೋ ಆಡ್ತಾನ, ಅದರಾಗ ಎರಡು ಮಾತಿಲ್ಲ. ಆ ಶಬ್ದ ಬರಸಿದವರ ಮ್ಯಾಲೆ ಮಾತ್ರ ನನಗ ಬಂದ ಸಿಟ್ಟು ಇನ್ನೂ ಇಳದಿಲ್ಲ.

ಒಳಗ ನಡದಿದ್ದ ಆಟಕ್ಕೂ ಆ ಶಬ್ದಕ್ಕೂ ಏನೂ ಸಂಬಂಧ ಇಲ್ಲ. ಚೆಸ್ಸಿನ ಜಾಗತಿಕ ಸಂಸ್ಥೆ ಫಿಡೆ ಮೂರು ಥರದ ರೇಟಿಂಗ್, ಅಂದ್ರ ಆಟಗಾರನ ಬಲದ ಅಂಕಿ, ಇಡ್ತದ: ತಾಸುಗಟ್ಟಲೆ ಆಡೂ ಕ್ಲಾಸಿಕಲ್, ಮಿನಿಟುಗಳ ಲೆಕ್ಕದ ರ‍್ಯಾಪಿಡ್, ಇನ್ನೂ ಚುರುಕಿನ ಬ್ಲಿಟ್ಝ್. ಗ್ರಾಂಡ್‌ಮಾಸ್ಟರ್ ಅನ್ನೂದು ಚೆಸ್ಸಿನ ಎಲ್ಲಾಕಿಂತ ದೊಡ್ಡ ಬಿರುದು; ಆ ಪಟ್ಟಕ್ಕ ನೋಡೂದು ಕ್ಲಾಸಿಕಲ್ ಒಂದೇ. 15 ಮಿನಿಟಿನ ಆಟ ಸಾವಿರ ಗೆದ್ರೂ ಒಂದು ನಾರ್ಮ್, ಅಂದ್ರ ಪಟ್ಟಕ್ಕ ಬೇಕಾದ ಮಟ್ಟದ ಆಟ ಆಡಿದ್ದಕ್ಕ ಸಿಗೂ ಗುರುತು, ಸಿಗೂದಿಲ್ಲ. ನಾರ್ಮ್ ಬೇಕಂದ್ರ ಒಬ್ಬೊಬ್ಬರಿಗೆ ಕಡಿಮಿ ಅಂದ್ರೂ 90 ಮಿನಿಟು, ಮ್ಯಾಲೆ ಪ್ರತಿ ನಡೆಗೆ 30 ಸೆಕೆಂಡು ಸೇರೂ ಆಟ ಇರಬೇಕು. ಅಂಥಾ ಒಂದು ಗೇಮ್ ನಾಕು ತಾಸು ಹಿಡೀತದ. ನಮ್ಮ ಹುಡುಗೂರಿಗೆ ನಾಕು ತಾಸು ಕೂತು ಆಡೂ ಟೂರ್ನಮೆಂಟ್ ಈ ಕಡೆ ವರ್ಷಕ್ಕ ಎಷ್ಟ ಸಿಗ್ತಾವ, ನೀವೇ ಎಣಿಸ್ರಿ.

ಲೆಕ್ಕ ಹೇಳ್ತೀನಿ, ತಂದಿ-ತಾಯಿ ಕೂತು ಓದ್ರಿ. 9 ರೌಂಡಿನ ಟೂರ್ನಮೆಂಟಿನಾಗ 2600 ರೇಟಿಂಗಿನ ಮಟ್ಟದ ಆಟ ಆಡಿದ್ರ ಒಂದು ನಾರ್ಮ್. ಎದುರಾಳಿಗಳ ಸರಾಸರಿ ರೇಟಿಂಗ್ 2380 ಇದ್ರ 9ಕ್ಕ 7 ಅಂಕ ಬೇಕು (ಗೆಲುವಿಗೆ ಒಂದು, ಡ್ರಾಕ್ಕ ಅರ್ಧ). ಸರಾಸರಿ 2434 ಮುಟ್ಟಿದ್ರ ಆರೂವರಿ, 2475 ಆದ್ರ 6 ಸಾಕು. 2380ರ ಕೆಳಗ ಇಳೀತಂದ್ರ ನಾರ್ಮಿನ ಮಾತ ಇಲ್ಲ. ಆ ಎದುರಾಳಿಗಳೊಳಗ ಮೂರು ಜನ ಗ್ರಾಂಡ್‌ಮಾಸ್ಟರ್ ಇರಬೇಕು, ಅರ್ಧದಷ್ಟು ಮಂದಿಗೆ ಬಿರುದು ಇರಬೇಕು, ಹೊರದೇಶದವರೂ ಇರಬೇಕು. ಇಂಥಾ ನಾರ್ಮಿನ ಆಟ ಎಲ್ಲಾ ಸೇರಿ 27 ಗೇಮ್ ಆಗಬೇಕು, ಅಂದ್ರ ಸಾಮಾನ್ಯವಾಗಿ ಮೂರು ನಾರ್ಮ್. ಅದರ ಜೋಡಿ ರೇಟಿಂಗ್ ಒಮ್ಮೆರೆ 2500 ಮುಟ್ಟಬೇಕು. ಇಷ್ಟೆಲ್ಲಾ ಆದಮ್ಯಾಲೆ ಬರೂ ಶಬ್ದನ್ನ ಮಂಟಪದ ಬಾಗಲಿಗೆ ಕಟ್ಟ್ಯಾರ.

ಅಂಥಾ ಎದುರಾಳಿಗಳು ಹುಬ್ಬಳ್ಳಿಗೆ ಬರೂದಿಲ್ಲ, ನಾವ ಅವರಿದ್ದಲ್ಲಿ ಹೋಗಬೇಕು. ಹಂಗೇರಿ, ಸರ್ಬಿಯಾ, ಸ್ಪೇನ್ ಅಂತ ಹುಡುಗೂರು ತಿರಗೂದು ಇದೇ ಕಾರಣಕ್ಕ. ಅಮೆರಿಕದ ಅಭಿಮನ್ಯು ಮಿಶ್ರಾ 2021ರಾಗ 12 ವರ್ಷ 4 ತಿಂಗಳು 25 ದಿನಕ್ಕ ಗ್ರಾಂಡ್‌ಮಾಸ್ಟರ್ ಆಗಿದ್ದು ಬುಡಾಪೆಸ್ಟಿನಾಗ ತಿಂಗಳುಗಟ್ಟಲೆ ಉಳಕೊಂಡು ಆಡಿದ ಮ್ಯಾಲೆ. ಗುಕೇಶನ ತಂದಿ ಕಿವಿ-ಮೂಗು-ಗಂಟಲಿನ ಡಾಕ್ಟರು. ಮಗನ ಜೋಡಿ ಊರೂರು ತಿರಗಾಕ ಪ್ರ್ಯಾಕ್ಟೀಸ್ ಬಿಟ್ಟ್ರು, ಮನಿ ತಾಯಿ ದುಡಿಮಿ ಮ್ಯಾಲೆ ನಿಂತ್ತು. ಗುಕೇಶ ಸಿಂಗಪುರದಾಗ 2024ರ ಡಿಸೆಂಬರ್ 12ಕ್ಕ ಆಗಿನ ಚಾಂಪಿಯನ್ ಚೀನಾದ ಡಿಂಗ್ ಲಿರೆನ್‌ನ ಸೋಲಿಸಿ 18ನೇ ವಯಸ್ಸಿಗೆ ಜಗತ್ತಿನ ಚಾಂಪಿಯನ್ ಆಗಿದ್ದು ಎಲ್ಲಾರೂ ನೋಡ್ಯಾರ. ಅದರ ಹಿಂದ ಆ ಮನಿ ಹೊತ್ತ ಖರ್ಚು ಫ್ಲೆಕ್ಸಿನವರಿಗೆ ಕಾಣವಲ್ದು.

ಇನ್ನೊಂದು ಮಾತು, ಇದು ಭಾಳ ಮಂದಿಗೆ ಗೊತ್ತಿಲ್ಲ. ಸಣ್ಣ ಹುಡುಗೂರ ರೇಟಿಂಗ್ ಭರಭರ ಏರ್ತದ. 18ರ ಒಳಗಿದ್ದು 2300 ದಾಟದವರಿಗೆ ಕೆ ಗುಣಾಂಕ, ಅಂದ್ರ ಒಂದು ಆಟಕ್ಕ ರೇಟಿಂಗ್ ಎಷ್ಟು ಏರಿಳೀತದ ಅನ್ನೂದರ ಅಳತಿ, 40. 1600ರ ಹುಡುಗ 1800ರವನ ಜೋಡಿ ಡ್ರಾ ಮಾಡಿಕೊಂಡ್ರೂ 10.4 ಅಂಕ ಏರ್ತಾನ. ಮನಿಮಂದಿ ಇದನ್ನ ನೋಡಿ, ‘ಹಿಂಗ ಹೋದ್ರ ಎರಡು ವರ್ಷದಾಗ 2500’ ಅಂತ ಗೆರಿ ಎಳೀತಾರ. ಆದ್ರ 2400 ಒಮ್ಮೆ ಮುಟ್ಟಿದ ಕೂಡಲೇ ಗುಣಾಂಕ 10 ಆಗ್ತದ, ಆಮ್ಯಾಲೆ ಕೆಳಗ ಬಿದ್ರೂ 10 ಬದಲಾಗೂದಿಲ್ಲ. 2450ರವ 2200ರವನ್ನ ಗೆದ್ರ ಸಿಗೂದು 1.9 ಅಂಕ. ಡ್ರಾ ಆದ್ರ 3.1 ಹೋಗ್ತದ, ಸೋತ್ರ 8.1. ಒಂದು ಸೋಲು ತುಂಬಾಕ ನಾಕು ಗೆಲುವೂ ಸಾಲೂದಿಲ್ಲ. ಮೂರೂ ನಾರ್ಮ್ ಕೈಯಾಗ ಇಟಕೊಂಡು 2500ಕ್ಕ ವರ್ಷಾನುಗಟ್ಟಲೆ ಕಾಯೋರು ಇರೂದು ಇದಕ್ಕ.

ನಮ್ಮ ರಾಜ್ಯದ ಮೊದಲ ಗ್ರಾಂಡ್‌ಮಾಸ್ಟರ್ ಯಾರು ಅಂತ ಆ ಮಂಟಪದಾಗ ಕೇಳಿದ್ರ ಎಷ್ಟ ಮಂದಿ ಹೇಳ್ತಿದ್ರೋ! ಮೈಸೂರಿನ ಎಂ.ಎಸ್. ತೇಜ್‌ಕುಮಾರ್, 2017ರಾಗ. ವಿಶ್ವನಾಥನ್ ಆನಂದ್ 1988ರಾಗ ದೇಶದ ಮೊದಲ ಗ್ರಾಂಡ್‌ಮಾಸ್ಟರ್ ಆಗಿ 29 ವರ್ಷ ಕಳದಿತ್ತು. ತೇಜ್‌ಕುಮಾರ್ ಅವರಿಗೆ ಆಗಲೇ ಮೂವತ್ತೈದು ದಾಟಿತ್ತು, ನೈಋತ್ಯ ರೈಲ್ವೆದಾಗ ನೌಕರಿ. ಆ ರೈಲ್ವೆದ ಮುಖ್ಯ ಕಚೇರಿ ಎಲ್ಲದ? ನಮ್ಮ ಗದಗ ರೋಡಿಗೆ, ರೈಲ್ ಸೌಧದಾಗ. ನೌಕರಿ ಮಾಡಿಕೋತ, ರಜಾ ಹೊಂದಿಸಿ, ಆ ವಯಸ್ಸಿನ ತನಕ ಆಟ ಬಿಡದ ಮನುಷ್ಯಾನ ಫೋಟೋ ಈ ಊರಾಗ ಒಂದು ಫ್ಲೆಕ್ಸಿನ ಮ್ಯಾಲೂ ನಾ ನೋಡಿಲ್ಲ. ಇದು ನನಗ ಖರೇನ ಸಂಕಟ ಆಗ್ತದ.

ಪಟ್ಟ ಬಂದಮ್ಯಾಲೆ ಹೊಟ್ಟಿಪಾಡು? ಬಹುಮಾನದ ದುಡ್ಡಿನ ಮ್ಯಾಲೇ ಸಂಸಾರ ನಡಸೂವರು ಮ್ಯಾಲಿನ ಕೆಲವೇ ಮಂದಿ. ಉಳಿದವರು ರೈಲ್ವೆ, ತೈಲ ಕಂಪನಿಗಳ ನೌಕರಿ ಹಿಡೀತಾರ. ಕೊನೇರು ಹಂಪಿ ಅಂಥಾ ದೊಡ್ಡ ಆಟಗಾರ್ತಿಯರೂ ತೈಲ ಕಂಪನಿ ಒಎನ್‌ಜಿಸಿಯವರೇ. ಜರ್ಮನಿಯ ಚೆಸ್ ಲೀಗ್ ಬುಂಡೆಸ್‌ಲೀಗಾದಾಗ ವಾರದ ಕೊನಿಗೆ ಕ್ಲಬ್ಬಿನ ಪರ ಆಡ್ತಾರ, ಹುಡುಗೂರಿಗೆ ಕಲಸ್ತಾರ, ಇಲ್ಲಾ ದೊಡ್ಡ ಆಟಗಾರರ ಸಹಾಯಕ್ಕ ನಿಂತು ಓಪನಿಂಗ್ ತಯಾರಿ ಮಾಡಿಕೊಡ್ತಾರ. 2008, 2010, 2012ರ ವಿಶ್ವ ಚಾಂಪಿಯನ್ ಪಟ್ಟದ ಮ್ಯಾಚಿನಾಗ ಆನಂದ್ ಹಿಂದ ಸೂರ್ಯಶೇಖರ ಗಂಗೂಲಿ ಆ ಕೆಲಸ ಮಾಡಿದ್ರು. ಇದೆಲ್ಲಾ ಮರ್ಯಾದಿಯ ದುಡಿಮಿ. ಮಕ್ಕಳಿಗೆ ಇದನ್ನೂ ಹೇಳ್ರಿ.

‘ದಿವ್ಯಾ ದೇಶಮುಖಗ ಒಂದೂ ನಾರ್ಮ್ ಇರಲಿಲ್ಲಲ್ಲ, ಹೆಂಗ ಆದಳು?’ ಅಂತ ಯಾರರೆ ಕೇಳೇ ಕೇಳ್ತೀರಿ. ಖರೆ, ಆಕಿ 2025ರ ಜುಲೈದಾಗ ಜಾರ್ಜಿಯಾದ ಬಟೂಮಿಯೊಳಗ ಮಹಿಳಾ ವಿಶ್ವಕಪ್ ಗೆದ್ದು ನೇರ ಗ್ರಾಂಡ್‌ಮಾಸ್ಟರ್ ಆದಳು. ಆದ್ರ ದಾರಿಯಾಗ ಚೀನಾದ ಝೂ ಜಿನರ್, ನಮ್ಮ ದೇಶದ ಹಾರಿಕಾ, ಚೀನಾದ ತಾನ್ ಝೊಂಗ್‌ಯಿ, ಕಡೀಗೆ ಹಂಪಿ, ಇವರನ್ನೆಲ್ಲಾ ಮಣಿಸಿ ಬಂದಳು. ಇದನ್ನ ಸಮೀಪದ ದಾರಿ ಅನ್ನೋರ ಜೋಡಿ ನನಗ ವಾದ ಬ್ಯಾಡ. ‘ಹುಡುಗೂರಿಗೆ ಹುರುಪು ಬರಲಿ ಬಿಡ್ರಿ’ ಅನ್ನೋರಿಗೂ ಅಷ್ಟೇ. ಹುರುಪು ಗೆದ್ದ ಆಟದಿಂದ ಬರ್ತದ. ಫ್ಲೆಕ್ಸಿನಿಂದ ಬರೂದು ಹೆದರಿಕಿ: ಮುಂದಿನ ಸಲ ಸೋತ್ರ ಓಣಿಯವರಿಗೆ ಹೆಂಗ ಮಾರಿ ತೋರಸಲಿ ಅನ್ನೂದು.

ಟೂರ್ನಮೆಂಟ್ ಮಾಡೋರಿಗೆ ಒಂದು ಕೇಳಿಕೊಳ್ತೀನಿ. ಕಪ್ಪಿನ ಸಂಖ್ಯಾ ಕಡಿಮಿ ಮಾಡಿ, ಎರಡು ಮೂರು ರವಿವಾರ ಸೇರಿಸಿ ಕ್ಲಾಸಿಕಲ್ ಆಡಸ್ರಿ. 60 ಮಿನಿಟು, ನಡೆಗೆ 30 ಸೆಕೆಂಡು ಇಟ್ರೂ 2400ರ ಕೆಳಗಿನವರ ಕ್ಲಾಸಿಕಲ್ ರೇಟಿಂಗಿಗೆ ನಡೀತದ. ದಿನಕ್ಕ ಎರಡು ರೌಂಡು ಆರಾಮ ಆಗ್ತಾವ. ನಡೆ ಬರಿಯೂ ಸ್ಕೋರ್ ಶೀಟ್ ಕೊಡ್ರಿ. ರ‍್ಯಾಪಿಡ್‌ದಾಗ ನಡೆ ಬರಿಯೂದು ಕಡ್ಡಾಯ ಇಲ್ಲ, ಹಿಂಗಾಗಿ ಹುಡುಗೂರಿಗೆ ರೂಢಿನೇ ತಪ್ಪ್ಯದ. ಮುಂದ ದೊಡ್ಡ ಟೂರ್ನಮೆಂಟಿನಾಗ ಅದೇ ಸ್ಥಿತಿ ಮೂರನೇ ಸಲ ಬರೂ ಮುಂದ ಡ್ರಾ ಕೇಳಬೇಕಂದ್ರ, ಆ ನಡೆ ಆಡದ ಮೊದಲ ಶೀಟಿನಾಗ ಬರದು, ಗಡಿಯಾರ ನಿಲ್ಲಿಸಿ ಆರ್ಬಿಟರಗ (ಆಟದ ತೀರ್ಪುಗಾರಗ) ಹೇಳಬೇಕು. ನಮ್ಮ ಹುಡುಗ ಕಾಯಿ ಸರಿಸಿ ಆಮ್ಯಾಲೆ ಕೈ ಎತ್ತತಾನ. ಆ ಹಕ್ಕು ಅಷ್ಟರಾಗ ಹೋಗಿರ್ತದ.

ಫ್ಲೆಕ್ಸಿನ ಮ್ಯಾಲಿದ್ದ ಹುಡುಗ ಇವತ್ತ ಕಡೀ ರೌಂಡಿನಾಗ ಗೆಲ್ಲೂ ಆಟ ಡ್ರಾ ಮಾಡಿಕೊಂಡ. ಎರಡೂ ಕಡೆ ಒಂದೊಂದು ಆನಿ, ಇವನ ಕಾಲಾಳು ಏಳನೇ ಸಾಲಿನಾಗ, ಅದರ ಮುಂದ ಇವನ ರಾಜ, ಎದುರಿನ ರಾಜ ದೂರ. ಇವ ಗಡಿಬಿಡಿಲೇ ರಾಜನ್ನ ಮೊದಲ ಹೊರಗ ತಗದ, ಚೆಕ್ ಮ್ಯಾಲೆ ಚೆಕ್ ಬಂದು ದಾರಿ ಮುಚ್ಚಿತು. ಶೀಟ್ ಇಲ್ಲ, ಮನಿಗೆ ಹೋಗಿ ನೋಡಬೇಕಂದ್ರೂ ಆ ಆಟ ಸಿಗೂದಿಲ್ಲ. ಅವನ ಮನಿಯವರು ಇದನ್ನ ಓದಿದ್ರ, ರಾತ್ರಿ ಊಟ ಆದಮ್ಯಾಲೆ ಚೆಸ್ಸಿನ ಮಣಿ ಮ್ಯಾಲೆ ಆ ಸ್ಥಿತಿ ಇಡ್ರಿ. ಮೊದಲ ಆನಿ ನಾಕನೇ ಸಾಲಿಗೆ ತರಬೇಕು. ಆಮ್ಯಾಲೆ ರಾಜ ಹೊರಗ. ಚೆಕ್ ಬಂದಂಗ ರಾಜ ಕೆಳಗ ಇಳೀತ ಬರಬೇಕು, ಕಡೀ ಚೆಕ್ಕಿಗೆ ಆನಿ ಅಡ್ಡ ಇಡಬೇಕು. ಹತ್ತು ಸಲ ಆಡಸ್ರಿ, ಆಮ್ಯಾಲೆ ಬಣ್ಣ ಬದಲಿಸಿ ಇನ್ನ ಹತ್ತು ಸಲ.