ಬಾಯಿಪಾಠ ತಪ್ಪು, ಎಲ್ಲರೂ ಐದು ಸಲ ಹೇಳಿ

ಧಾರವಾಡದ ಸಪ್ತಾಪುರದಲ್ಲಿ ಬೆಳಿಗ್ಗೆ ಆರೂವರೆಗೆ ಮೇಷ್ಟ್ರಾಗಲು ಹೊರಟವರ ಯಾವುದಾದರೂ ಕೋಚಿಂಗ್ ಕ್ಲಾಸಿನ ಕಿಟಕಿ ಕೆಳಗೆ ನಿಂತು ನೋಡಿ. ಮೇಲಿಂದ ನೂರಾರು ದನಿ ಒಟ್ಟಿಗೆ ಕೇಳುತ್ತವೆ: "ಸಂ, ಪೂ, ಮೂ, ಔ! ಸಂ, ಪೂ, ಮೂ, ಔ!" ಯಾವುದೋ ಹೋಮ ನಡೆದಿದೆ ಅಂತ ಕೈಮುಗಿಯಬೇಡಿ. ಅದು ಮನೋವಿಜ್ಞಾನಿ ಪಿಯಾಜೆ. ಸಂವೇದನಾ ಚಲನೆ, ಪೂರ್ವ ಕಾರ್ಯಾಚರಣೆ, ಮೂರ್ತ ಕಾರ್ಯಾಚರಣೆ, ಔಪಚಾರಿಕ ಕಾರ್ಯಾಚರಣೆ. ಮಗುವಿನ ಬುದ್ಧಿ ಬೆಳೆಯುವ ನಾಲ್ಕು ಹಂತ. ಸ್ವಿಟ್ಜರ್ಲೆಂಡಿನ ಆ ಪುಣ್ಯಾತ್ಮ ತನ್ನ ಮೂರು ಮಕ್ಕಳು ಆಡುವುದನ್ನೇ ಕೂತು ನೋಡಿದ. ಮಗು ಹೇಳಿಕೊಟ್ಟದ್ದನ್ನು ಹಾಗೇ ನುಂಗುವುದಿಲ್ಲ, ಮುಟ್ಟಿ, ಕೆಡವಿ, ಮತ್ತೆ ಜೋಡಿಸಿ ತನ್ನ ತಿಳಿವಳಿಕೆಯನ್ನು ತಾನೇ ಕಟ್ಟಿಕೊಳ್ಳುತ್ತದೆ ಎಂದ. ನಾವು ಅದನ್ನೇ ನಾಲ್ಕು ಅಕ್ಷರಕ್ಕೆ ಇಳಿಸಿ ನುಂಗಲು ಸುಲಭ ಮಾಡಿಕೊಂಡಿದ್ದೇವೆ.

ಒಳಗೆ ಸರ್ ಮೈಕ್ ಹಿಡಿದು ಹೇಳುತ್ತಾರೆ: "ಕಂಠಪಾಠದಿಂದ ನಿಜವಾದ ಕಲಿಕೆ ಆಗೂದಿಲ್ಲ. ಇದು ಭಾಳ ಇಂಪಾರ್ಟೆಂಟ್ ಐತಿ. ಪಾಠ ಮಾಡ್ಕೋರಿ."

"ಯಾಕ ಆಗೂದಿಲ್ರೀ ಸರ್?"

"ಯಾಕ ಅನ್ನೂದು ಬರೂದಿಲ್ಲ ತಂಗಿ. ಉತ್ತರ ಬಿ."

ಸರ್ ತಪ್ಪೇನೂ ಇಲ್ಲ ಬಿಡಿ. ಒಂದರಿಂದ ಎಂಟನೇ ತರಗತಿಗೆ ಮೇಷ್ಟ್ರಾಗಬೇಕಾದರೆ ಶಿಕ್ಷಕರ ಅರ್ಹತಾ ಪರೀಕ್ಷೆ, ಅಂದರೆ ಟಿಇಟಿ ಪಾಸಾಗಬೇಕು. 150 ಪ್ರಶ್ನೆ, ಎರಡೂವರೆ ಗಂಟೆ. ಅದರಲ್ಲಿ 30 ಪ್ರಶ್ನೆ ಶಿಶು ವಿಕಾಸ ಮತ್ತು ಬೋಧನಾಶಾಸ್ತ್ರದ್ದು. ಮಗುವಿನ ಮನಸ್ಸನ್ನು ಅರಿಯಲು ತಲಾ ಒಂದು ನಿಮಿಷ ಧಾರಾಳವಾಗಿ ಸಿಗುತ್ತದೆ. ನೋಟ್ಸಿನಲ್ಲಿ ಕಲಿಕೆಯ ಬಗ್ಗೆ ಪ್ರಯೋಗ ಮಾಡಿದವರ ಇಡೀ ಪ್ರಾಣಿಸಂಗ್ರಹಾಲಯ ಇದೆ. ಪಾವ್ಲೋವನ ನಾಯಿ, ಥಾರ್ನ್‌ಡೈಕನ ಬೆಕ್ಕು, ಸ್ಕಿನ್ನರನ ಇಲಿ ಮತ್ತು ಪಾರಿವಾಳ, ಎರಡು ಕೋಲು ಜೋಡಿಸಿ ಬಾಳೆಹಣ್ಣು ಎಳೆದುಕೊಂಡ ಕೊಹ್ಲರನ ಚಿಂಪಾಂಜಿ. ಇಷ್ಟನ್ನೂ ಹೊಂದಿಸಿ ಬರೆದವರು ಪಾಸು. ಮಕ್ಕಳ ದರ್ಶನ ನೌಕರಿ ಸಿಕ್ಕ ಮೇಲೆ.

2021ರಲ್ಲಿ ಇನ್ನೊಂದು ಅನುಕೂಲ ಆಯಿತು. ಅಲ್ಲಿಯವರೆಗೆ ಏಳು ವರ್ಷ ಮಾತ್ರ ನಡೆಯುತ್ತಿದ್ದ ಟಿಇಟಿ ಪ್ರಮಾಣಪತ್ರ ಈಗ ಜೀವನಪರ್ಯಂತ ನಡೆಯುತ್ತದೆ. ಉರು ಹೊಡೆದದ್ದು ಮಾತ್ರ ಅಷ್ಟು ದಿನ ನಡೆಯುವುದಿಲ್ಲ. ಜರ್ಮನಿಯ ಮನೋವಿಜ್ಞಾನಿ ಎಬ್ಬಿಂಗ್‌ಹೌಸ್ 1885ರಲ್ಲೇ ಅರ್ಥವಿಲ್ಲದ ಅಕ್ಷರಗಳ ಸರಮಾಲೆಯನ್ನು ತಾನೇ ಉರು ಹೊಡೆದು, ಒಂದೇ ದಿನದಲ್ಲಿ ಅರ್ಧಕ್ಕಿಂತ ಜಾಸ್ತಿ ಮರೆತುಹೋಗುತ್ತದೆ ಎಂದು ಲೆಕ್ಕ ಹಾಕಿ ತೋರಿಸಿದ್ದ. ಅವನಿಗೆ ನಮ್ಮ ಸಂಪೂಮೂಔ ಸಿಕ್ಕಿದ್ದರೆ ಅಕ್ಷರ ಹುಡುಕುವ ಕಷ್ಟ ತಪ್ಪುತ್ತಿತ್ತು. ಅವನ ಹೆಸರೂ ಸಿಲಬಸ್ಸಿನಲ್ಲಿದೆ. ಮರೆವಿನ ರೇಖೆ, ಉತ್ತರ ಸಿ.

ಈಗ ಗದಗಿನ ಕಡೆ ಒಂದು ಶಾಲೆಗೆ ಹೋಗೋಣ. ಬಿ.ಎಡ್. ವಿದ್ಯಾರ್ಥಿಯ ಬೋಧನಾಭ್ಯಾಸ ನಡೆದಿದೆ. ಹಿಂದಿನ ಬೆಂಚಿನಲ್ಲಿ ವೀಕ್ಷಕರು ಕೂತಿದ್ದಾರೆ. ಗೋಡೆಗೆ ಚಾರ್ಟು, ಕೈಯಲ್ಲಿ ಪಾಠಯೋಜನೆ. ತೊಡಗಿಸಿಕೊಳ್ಳುವುದು, ಅನ್ವೇಷಣೆ, ವಿವರಣೆ, ವಿಸ್ತರಣೆ, ಮೌಲ್ಯಮಾಪನ ಎಂಬ ಐದೂ ಹಂತಕ್ಕೆ ಸ್ಕೇಲು ಇಟ್ಟು ಗೆರೆ ಹೊಡೆದಾಗಿದೆ. ಮಗು ಏನು ಅನ್ವೇಷಣೆ ಮಾಡುತ್ತದೆ ಎಂಬುದನ್ನು ಹಿಂದಿನ ರಾತ್ರಿಯೇ ರೂಮಿನಲ್ಲಿ ಕೂತು ಬರೆದಿಡಲಾಗಿದೆ. ಮಗು ಅದನ್ನು ಮೀರುವ ಹಾಗಿಲ್ಲ.

"ಗಿಡ ತನ್ನ ಊಟಾ ತಾನ ಮಾಡ್ಕೊಳ್ಳೂದಕ್ಕ ಏನಂತೀವಿ? ದ್ಯುತಿಸಂಶ್ಲೇ...?"

"ಷಣೆ!" ಎಂದು ಇಡೀ ತರಗತಿ ಕೂಗುತ್ತದೆ.

"ಶಭಾಶ್. ಇದಕ್ಕ ಬೇಕಾಗೂದು ಪತ್ರಹರಿ...?"

"ತ್ತು!"

"ತಿಳೀತಲ್ಲ ಎಲ್ಲಾರಿಗೂ?"

"ಹೂಂರೀ ಸರ್!"

ವೀಕ್ಷಕರ ಪುಸ್ತಕದಲ್ಲಿ ದಾಖಲಾಗುತ್ತದೆ: ವಿದ್ಯಾರ್ಥಿಗಳ ಪಾಲ್ಗೊಳ್ಳುವಿಕೆ ಉತ್ತಮ. ಒಂದು ಪದದ ಬಾಲದಷ್ಟು ಪಾಲ್ಗೊಂಡಿದ್ದಾರೆ, ಸುಳ್ಳಲ್ಲ. ಮೂಲೆಯ ಹುಡುಗಿಯೊಬ್ಬಳು "ಹಂಗಾದ್ರ ರಾತ್ರಿ ಗಿಡ ಉಪಾಸ ಇರತೈತೇನ್ರೀ?" ಎಂದು ಕೇಳಲು ಬಾಯಿ ತೆರೆದಿದ್ದಳು. ಅಷ್ಟರಲ್ಲಿ ವಿಸ್ತರಣೆಯ ಹಂತ ಬಂದುಬಿಟ್ಟಿತು. ಅಮೆರಿಕದ ಮೇರಿ ಬಡ್ ರೋ ಎಂಬಾಕೆ ತರಗತಿಗಳ ಮಾತನ್ನು ಧ್ವನಿಮುದ್ರಿಸಿ ಅಳೆದು 1974ರಲ್ಲಿ ಬರೆದ ಮಾತಿದು. ಮೇಷ್ಟ್ರುಗಳು ಪ್ರಶ್ನೆ ಕೇಳಿ ಸುಮಾರು ಒಂದು ಸೆಕೆಂಡು ಮಾತ್ರ ಕಾಯುತ್ತಾರೆ. ಅದನ್ನು ಮೂರು ಸೆಕೆಂಡು ಮಾಡಿದರೆ ಸಾಕು, ಮಕ್ಕಳ ಉತ್ತರ ಉದ್ದವಾಗುತ್ತದೆ, ಸುಮ್ಮನಿದ್ದವರೂ ಬಾಯಿ ಬಿಡುತ್ತಾರೆ. ಇದಕ್ಕೆ ಟೆಂಡರ್ ಬೇಡ, ಕಿಟ್ ಬೇಡ, ಸ್ಮಾರ್ಟ್ ಬೋರ್ಡ್ ಬೇಡ. ಅದಕ್ಕೇ ಇರಬೇಕು, ಯಾರೂ ಕೈ ಹಾಕಿಲ್ಲ.

ಖರ್ಚು ಬರುವ ಮನೋವಿಜ್ಞಾನ ಮಾತ್ರ ಭರ್ಜರಿ ಓಡುತ್ತಿದೆ. ಕೆಲವು ಮಕ್ಕಳು ನೋಡಿ ಕಲಿಯುತ್ತಾರಂತೆ, ಕೆಲವರು ಕೇಳಿ, ಕೆಲವರು ಓಡಾಡಿ. ಯಾರು ಯಾವ ಶೈಲಿ ಎಂದು ಗುರುತಿಸಿ ಹಾಗೇ ಕಲಿಸಬೇಕಂತೆ. ಅಮೆರಿಕದ ಮನೋವಿಜ್ಞಾನಿ ಪಾಶ್ಲರ್ ಮತ್ತು ಮೂವರು ಜತೆಗಾರರು ಈ ಬಗ್ಗೆ ನಡೆದ ಅಧ್ಯಯನಗಳನ್ನೆಲ್ಲ ಜಾಲಾಡಿ, ಹೀಗೆ ವಿಂಗಡಿಸಿ ಕಲಿಸಿದರೆ ಲಾಭ ಎನ್ನಲು ಸರಿಯಾದ ಪುರಾವೆ ಇಲ್ಲ ಎಂದು 2008ರಲ್ಲೇ ಬರೆದರು. ಆ ಸುದ್ದಿ ನಮ್ಮ ತರಬೇತಿ ಹಾಲ್‌ಗಳಿಗೆ ಇನ್ನೂ ಬಂದು ಮುಟ್ಟಿಲ್ಲ. ಶಾಲೆಯಲ್ಲಿ ಇದರ ಜಾರಿ ಮಾತ್ರ ಚೆನ್ನಾಗಿದೆ. ನೋಡಿ ಕಲಿಯುವವರು ಬೋರ್ಡ್ ನೋಡುತ್ತಾರೆ, ಕೇಳಿ ಕಲಿಯುವವರು ಬೈಸಿಕೊಳ್ಳುತ್ತಾರೆ, ಓಡಾಡಿ ಕಲಿಯುವವರನ್ನು ಸ್ಟಾಫ್ ರೂಮಿಗೆ ಚಹಾ ತರಲು ಕಳಿಸುತ್ತಾರೆ. ಹುಬ್ಬಳ್ಳಿಯಂಥ ಊರಿನ ಅಪ್ಪ ಅಮ್ಮಂದಿರಿಗೆ ಇದೂ ಸಾಲದು. ಅವರಿಗಾಗಿ ಬೆರಳಚ್ಚು ನೋಡಿ ಮಗುವಿನ ಬುದ್ಧಿಯ ಬಗೆ ಹೇಳುವವರಿದ್ದಾರೆ. ಗಿಳಿಶಾಸ್ತ್ರದವನೂ ಹೀಗೇ ಕಾರ್ಡು ತೆಗೆಸುತ್ತಿದ್ದ. ಅವನ ರೇಟು ಕಡಿಮೆ ಇತ್ತು, ಗಿಳಿ ನೋಡುವ ಖುಷಿ ಬೇರೆ.

ಮೇಷ್ಟ್ರ ತಲೆಯ ಬಗ್ಗೆಯೂ ಒಂದು ಮಾತು. ಮನುಷ್ಯ ಒಮ್ಮೆಗೆ ಏಳು ಸಂಗತಿ, ಎರಡು ಹೆಚ್ಚು ಕಮ್ಮಿ, ನೆನಪಲ್ಲಿ ಹಿಡಿಯಬಲ್ಲ ಎಂದು ಮನೋವಿಜ್ಞಾನಿ ಜಾರ್ಜ್ ಮಿಲ್ಲರ್ 1956ರಲ್ಲಿ ಹೇಳಿದ. ಬೆಳಿಗ್ಗೆ ಎಣಿಸಿ ನೋಡಿ: ಮೊಟ್ಟೆ ಲೆಕ್ಕ, ಹಾಲಿನ ಪುಡಿ ಲೆಕ್ಕ, ಶೂ ಸಾಕ್ಸ್ ಅಳತೆ, ಮಕ್ಕಳ ದಾಖಲೆ ತುಂಬುವ ಎಸ್‌ಎಟಿಎಸ್ ಎಂಟ್ರಿ, ಮತದಾರರ ಪಟ್ಟಿ, ಶಾಲೆಯ ಅಭಿವೃದ್ಧಿ ನೋಡುವ ಎಸ್‌ಡಿಎಂಸಿ ಸಭೆ, ನಿನ್ನೆಯ ಚಟುವಟಿಕೆಯ ಫೋಟೋ ಗ್ರೂಪಿಗೆ. ಏಳೂ ತುಂಬಿತು. ಪಾಠ ಆ ಎರಡು ಹೆಚ್ಚು ಕಮ್ಮಿಯೊಳಗೆ ಬರಬೇಕು. ಜನಗಣತಿ, ವಿಪತ್ತು ಪರಿಹಾರ, ಚುನಾವಣೆ ಬಿಟ್ಟು ಬೇರೆ ಕೆಲಸಕ್ಕೆ ಶಿಕ್ಷಕರನ್ನು ಹಚ್ಚಬಾರದು ಎನ್ನುತ್ತದೆ 2009ರ ಶಿಕ್ಷಣ ಹಕ್ಕು ಕಾಯ್ದೆಯ 27ನೇ ಕಲಂ. ಟಿಇಟಿ ಪುಸ್ತಕದಲ್ಲಿ ಅದಕ್ಕೂ ಒಂದು ಪ್ರಶ್ನೆ ಇದೆ.

ಹಾವೇರಿ ಕಡೆಯ ಒಬ್ಬ ಹಳೇ ಗುರುಗಳ ಕಥೆ ಕೇಳಿ. ಹೆಸರು ಬೇಡ, ಇನ್ನೂ ಸರ್ವೀಸಿನಲ್ಲಿದ್ದಾರೆ. ದಿನಾ ಮೊದಲ ಐದು ನಿಮಿಷ ಪುಸ್ತಕ ಮುಚ್ಚಿಸಿ, ನಿನ್ನೆಯದೊಂದು, ಹೋದ ವಾರದ್ದೊಂದು ಕೇಳುತ್ತಾರೆ. ತಪ್ಪಿದರೆ ಬಯ್ಯುವುದಿಲ್ಲ, ನಾಳೆ ಮತ್ತೆ ಕೇಳುತ್ತಾರೆ, ಅಷ್ಟೇ. ರೋಡಿಗರ್ ಮತ್ತು ಕಾರ್ಪಿಕೆ ಎಂಬ ಮನೋವಿಜ್ಞಾನಿಗಳು 2006ರಲ್ಲಿ ಪ್ರಯೋಗ ಮಾಡಿ ತೋರಿಸಿದ್ದು ಇದನ್ನೇ. ಐದು ನಿಮಿಷದ ನಂತರ ಕೇಳಿದರೆ ಓದಿದ್ದನ್ನೇ ಮತ್ತೆ ಓದಿದವರು ಮುಂದು. ವಾರದ ನಂತರ ಕೇಳಿದರೆ, ಪುಸ್ತಕ ಮುಚ್ಚಿ ನೆನಪಿಸಿಕೊಂಡವರು ಮುಂದು. ಗುರುಗಳು ಆ ಇಬ್ಬರ ಹೆಸರು ಕೇಳಿದವರಲ್ಲ.

ತಪಾಸಣೆಗೆ ಬಂದ ಸಾಹೇಬರು ಚಾರ್ಟು ಹುಡುಕಿದರು, ಸಿಗಲಿಲ್ಲ. ಚಟುವಟಿಕೆಯ ಫೋಟೋ ಕೇಳಿದರು. ಮಕ್ಕಳು ಯೋಚನೆ ಮಾಡುವುದರ ಫೋಟೋ ಗುರುಗಳು ತೆಗೆದಿರಲಿಲ್ಲ. ನವೀನ ಬೋಧನಾ ವಿಧಾನದ ಕೊರತೆ ಇದೆ ಎಂದು ಷರಾ ಬಿತ್ತು. ಜಿಲ್ಲಾ ಕೇಂದ್ರದಲ್ಲಿ ಮೂರು ದಿನದ ತರಬೇತಿಗೆ ಆದೇಶವಾಯಿತು. ವಿಷಯ: ನೆನಪಿಸಿಕೊಂಡು ಕಲಿಯುವುದರ ಮಹತ್ವ.

ಗುರುಗಳು ಹೋದರು. ಸಂಪನ್ಮೂಲ ವ್ಯಕ್ತಿ ಬೆಳಿಗ್ಗೆಯಿಂದ ಸಂಜೆಯವರೆಗೆ ಪರದೆ ಮೇಲಿನದನ್ನು ಓದಿ ಹೇಳಿದರು. ಪ್ರಶ್ನೆ ಒಂದೂ ಇಲ್ಲ. ಗುರುಗಳು ಜೇಬಿನಿಂದ ಪೆನ್ನು ತೆಗೆದಾಗ ಮಾತ್ರ ಅವರು ಓದುವುದನ್ನು ನಿಲ್ಲಿಸಿದರು. "ಏನೂ ಬರ್ಕೋಬ್ಯಾಡ್ರಿ ಗುರುಗಳ. ನೆನಪ ಇಟ್ಕೊಳ್ಳೂದೂ ಬ್ಯಾಡ್ರಿ. ಪಿಪಿಟಿ ಗ್ರೂಪಿಗೆ ಹಾಕ್ತೀವಿ."